ಒಬ್ಬ ನಟಿ, ಮೂವರು ಕಲಾವಿದೆಯರು

ಜಪಾನಿನ ಸಯೂರಿ ಯೊಶಿನಾಗಾ ತೆರೆಯ ಮೇಲೆ ಒಮ್ಮೆ ನಟಿಯಾದರು, ಒಮ್ಮೆ ಕವಿಯಾದರು, ಇನ್ನೊಮ್ಮೆ ಹಾಡುಗಾರ್ತಿಯಾದರು. ಮೂವರೂ ನಿಜವಾಗಿ ಬಾಳಿ ಹೋದವರು. ಈ ಪಾತ್ರಗಳ ಹಿಂದೆ ನೂರು ವರ್ಷಕ್ಕೂ ಹಿಂದಿನಿಂದ ಸಾಗಿಬಂದ ಕಥೆಯೊಂದಿದೆ.

ಕಲಾವಿದರ ಬದುಕನ್ನು ಸಿನಿಮಾ ಮಾಡಹೊರಟವರಿಗೆ ಒಂದು ಸಲೀಸಾದ ದಾರಿ ಯಾವಾಗಲೂ ತೆರೆದೇ ಇರುತ್ತದೆ. ಪ್ರೇಮ, ವಿರಹ, ಬಡತನ, ಕಾಯಿಲೆ, ಅಕಾಲ ಮರಣ ಇಷ್ಟನ್ನು ಪೋಣಿಸಿಬಿಟ್ಟರೆ ಎರಡು ಗಂಟೆಯ ಚಿತ್ರ ಸಿದ್ಧವಾಗುತ್ತದೆ. ಆ ಮನುಷ್ಯ ದಿನವಿಡೀ ಕೂತು ಮಾಡಿದ ಕೆಲಸ, ತಿದ್ದಿದ ಸಾಲು, ಹತ್ತು ಸಲ ತಪ್ಪಿ ಹನ್ನೊಂದನೆಯ ಸಲ ಹಿಡಿದ ಸ್ವರ ಇವೆಲ್ಲ ಒಂದೆರಡು ಶಾಟ್‌ಗಳಲ್ಲಿ ಮುಗಿದುಹೋಗುತ್ತವೆ. ಕಲಾವಿದೆ ಹೆಣ್ಣಾಗಿದ್ದರಂತೂ ಕೇಳುವುದೇ ಬೇಡ. ಆಕೆ ಯಾರನ್ನು ಪ್ರೀತಿಸಿದಳು ಎಂಬುದು ಕಥೆಯಾಗುತ್ತದೆ, ಏನನ್ನು ಮಾಡಿದಳು ಎಂಬುದು ಹಿನ್ನೆಲೆಗೆ ಸರಿಯುತ್ತದೆ.

ಈ ಕಷ್ಟವನ್ನು ಜಪಾನಿನ ಸಿನಿಮಾ ಬೇರೆ ಯಾವ ದೇಶದ ಸಿನಿಮಾಗಿಂತಲೂ ಹೆಚ್ಚು ಕಾಲ ಎದುರಿಸುತ್ತ ಬಂದಿದೆ ಎಂದು ನನಗನ್ನಿಸುತ್ತದೆ. ಅಲ್ಲಿನ ದೊಡ್ಡ ನಟಿಯರಲ್ಲಿ ಹಲವರು ತಮ್ಮ ಹಿಂದಿನ ತಲೆಮಾರಿನ ಕಲಾವಿದೆಯರ ಪಾತ್ರಗಳನ್ನು ತೊಟ್ಟಿದ್ದಾರೆ. ಅವರಲ್ಲಿ ಸಯೂರಿ ಯೊಶಿನಾಗಾ ಅವರ ಸಾಲು ವಿಶೇಷವಾದದ್ದು. 1987ರಲ್ಲಿ ಅವರು ಸಿನಿಮಾ ನಟಿ ಕಿನುಯೊ ತನಾಕಾ ಆದರು. ಮರುವರ್ಷ ಕವಿ ಅಕಿಕೊ ಯೊಸಾನೊ ಆದರು. 2000ದಲ್ಲಿ ನಾಗಾಸಾಕಿಯ ಹಾಡುಗಾರ್ತಿ ಐಹಾಚಿ ಆದರು. ಮೂರು ಕಲೆ, ಮೂರು ಬದುಕು. ಮೂರೂ ಕಡೆ ಎದುರಾದ ಪ್ರಶ್ನೆ ಮಾತ್ರ ಒಂದೇ: ಈಕೆಯ ಕೆಲಸವನ್ನು ನೋಡುಗರಿಗೆ ಕಾಣಿಸುವುದು ಹೇಗೆ?

ಮೊದಲ ಹೆಜ್ಜೆ ಇಟ್ಟವರು

ಯೊಶಿನಾಗಾ ಅವರ ಕಥೆಗೆ ಬರುವ ಮೊದಲು ಇನ್ನೊಬ್ಬ ನಟಿಯಿಂದ ಆರಂಭಿಸಬೇಕು. ಜಪಾನಿನಲ್ಲಿ 1629ರಲ್ಲಿ ಕಬುಕಿ ರಂಗದ ಮೇಲೆ ಹೆಂಗಸರು ಕಾಣಿಸಿಕೊಳ್ಳುವುದನ್ನು ಆಳುವವರು ನಿಷೇಧಿಸಿದರು. ಮುಂದಿನ ಇನ್ನೂರೈವತ್ತು ವರ್ಷ ಅಲ್ಲಿನ ಮುಖ್ಯ ರಂಗಭೂಮಿಯಲ್ಲಿ ಹೆಣ್ಣಿನ ನಡೆ, ನೋಟ, ದನಿ ಎಲ್ಲವೂ ಸ್ತ್ರೀವೇಷದ ಗಂಡಸರ ಸೊತ್ತಾಗಿತ್ತು. ಅವರ ಕಲೆ ಎಷ್ಟು ಪಳಗಿತ್ತೆಂದರೆ, ಹೆಣ್ಣಿನ ಪಾತ್ರಕ್ಕೆ ಹೆಣ್ಣೇ ಬೇಕೆಂಬ ಮಾತು ಇಪ್ಪತ್ತನೆಯ ಶತಮಾನದ ಆರಂಭದಲ್ಲೂ ಅನೇಕರಿಗೆ ವಿಚಿತ್ರವಾಗಿ ಕೇಳಿಸಿತು. ಸದಾಯಾಕ್ಕೊ ಕವಾಕಾಮಿ 1900ರ ಪ್ಯಾರಿಸ್ ವಸ್ತುಪ್ರದರ್ಶನದಲ್ಲಿ ನಟಿಸಿ ಯುರೋಪನ್ನು ಬೆರಗುಗೊಳಿಸಿ ಬಂದವರು. 1908ರಲ್ಲಿ ಟೋಕಿಯೊದಲ್ಲಿ ನಟಿಯರಿಗಾಗಿ ತರಬೇತಿ ಶಾಲೆ ತೆರೆದವರೂ ಅವರೇ.

ಅದೇ ಹೊತ್ತಿಗೆ ನಗಾನೊ ಪ್ರಾಂತದ ಹಳ್ಳಿಯಿಂದ ಬಂದ, ಮೊದಲ ಮದುವೆ ಮುರಿದುಬಿದ್ದ ಒಬ್ಬ ಯುವತಿ ವಾಸೆದಾ ವಿಶ್ವವಿದ್ಯಾಲಯದ ಮೇಷ್ಟ್ರು ಶೋಯೊ ತ್ಸುಬೌಚಿ ನಡೆಸುತ್ತಿದ್ದ ನಾಟಕ ಸಂಸ್ಥೆಗೆ ಸೇರಿದರು. ರಂಗದ ಮೇಲೆ ಮುಖ ಎದ್ದು ಕಾಣಲೆಂದು ಮೂಗಿಗೆ ಶಸ್ತ್ರಚಿಕಿತ್ಸೆಯನ್ನೂ ಮಾಡಿಸಿಕೊಂಡಿದ್ದ ಅವರೇ 1886ರಲ್ಲಿ ಹುಟ್ಟಿದ ಸುಮಾಕೊ ಮತ್ಸುಯಿ. 1911ರ ಮೇ ತಿಂಗಳಲ್ಲಿ ಒಫೀಲಿಯಾ, ಸೆಪ್ಟೆಂಬರಿನಲ್ಲಿ ಇಬ್ಸೆನ್ನನ ನೋರಾ. ಗಂಡನ ಮನೆಯ ಬಾಗಿಲು ದಾಟಿ ಹೊರನಡೆಯುವ ನೋರಾಳನ್ನು ಜಪಾನಿ ಹೆಣ್ಣೊಬ್ಬಳು ಅಭಿನಯಿಸಿದ್ದು ಆ ದೇಶದ ಪತ್ರಿಕೆಗಳಲ್ಲಿ ವರ್ಷಗಟ್ಟಲೆ ಚರ್ಚೆಯಾಯಿತು.

ಸಂಸ್ಥೆಯ ನಿರ್ದೇಶಕ, ವಿಮರ್ಶಕ ಹೋಗೆತ್ಸು ಶಿಮಾಮುರಾ ವಿವಾಹಿತರು. ಸುಮಾಕೊ ಅವರೊಂದಿಗಿನ ಅವರ ಸಂಬಂಧ ಗುಲ್ಲಾದಾಗ ಇಬ್ಬರೂ ಹೊರಬಂದು 1913ರಲ್ಲಿ ‘ಗೇಜುತ್ಸುಜಾ’ ಎಂಬ ತಂಡ ಕಟ್ಟಿದರು. ಮರುವರ್ಷ ಟಾಲ್‌ಸ್ಟಾಯ್ ಕಾದಂಬರಿಯ ರಂಗರೂಪ ‘ಪುನರುತ್ಥಾನ’ದಲ್ಲಿ ಸುಮಾಕೊ ಹಾಡಿದ, ನಾಯಕಿ ಕತ್ಯೂಷಾಳ ಹಾಡು ಜಪಾನಿನ ಊರೂರಿಗೂ ಹಬ್ಬಿತು. ನಾಟಕದ ಹಾಡು ಗ್ರಾಮಫೋನ್ ತಟ್ಟೆಯಾಗಿ ಮಾರಾಟವಾದ ಆ ದೇಶದ ಮೊದಲ ದಿನಗಳವು. 1915ರಲ್ಲಿ ಇನ್ನೊಂದು ನಾಟಕಕ್ಕಾಗಿ ಅವರು ಹಾಡಿದ ‘ಗೊಂಡೊಲಾ ಹಾಡು’ ನಮ್ಮ ಸಿನಿಮಾಸಕ್ತರಿಗೂ ಪರಿಚಿತ. ಕುರೊಸಾವಾ ಅವರ ‘ಇಕಿರು’ ಚಿತ್ರದಲ್ಲಿ ಸಾವಿನಂಚಿನ ಮುದಿ ಅಧಿಕಾರಿ ಹಿಮ ಬೀಳುವ ರಾತ್ರಿ ಉಯ್ಯಾಲೆಯಲ್ಲಿ ಕೂತು ಹಾಡುವುದು ಅದನ್ನೇ.

1918ರ ನವೆಂಬರ್ 5ರಂದು ಶಿಮಾಮುರಾ ಸ್ಪ್ಯಾನಿಷ್ ಜ್ವರಕ್ಕೆ ಬಲಿಯಾದರು. ಸರಿಯಾಗಿ ಎರಡು ತಿಂಗಳಿಗೆ, 1919ರ ಜನವರಿ 5ರಂದು, ‘ಕಾರ್ಮೆನ್’ ನಾಟಕದ ಪ್ರದರ್ಶನಗಳ ನಡುವೆಯೇ ಸುಮಾಕೊ ನೇಣು ಹಾಕಿಕೊಂಡರು. ಆಗ ಅವರಿಗೆ ಮೂವತ್ತೆರಡು ವರ್ಷ.

ಸಿನಿಮಾದವರಿಗೆ ಇದಕ್ಕಿಂತ ಸಿದ್ಧವಾದ ಕಥೆ ಸಿಗುವುದು ಕಷ್ಟ. ಅಪಾಯವೂ ಅಲ್ಲೇ ಇತ್ತು. ನೋರಾಳನ್ನು ತಾಲೀಮಿನಲ್ಲಿ ದಿನದಿನವೂ ಕಟ್ಟಿ ನಿಲ್ಲಿಸಿದ ಹೆಣ್ಣು ಮರೆಗೆ ಸರಿದು, ಪ್ರಿಯಕರನ ಹಿಂದೆ ಹೋದ ಹೆಣ್ಣು ಮಾತ್ರ ಜನರ ನೆನಪಿನಲ್ಲಿ ಉಳಿಯುವ ಅಪಾಯ.

1947: ಇಬ್ಬರು ಸುಮಾಕೊಗಳು

ಯುದ್ಧದಲ್ಲಿ ಸೋತ ಜಪಾನಿನಲ್ಲಿ ಹೆಂಗಸರು ಮೊದಲ ಬಾರಿಗೆ ಮತ ಹಾಕಿದ್ದು 1946ರ ಏಪ್ರಿಲ್‌ನಲ್ಲಿ. ಹೆಣ್ಣಿನ ಬಿಡುಗಡೆಯ ಕಥೆಗಳಿಗೆ ಅಮೆರಿಕನ್ ಆಡಳಿತದ ಪ್ರೋತ್ಸಾಹವಿದ್ದ ಕಾಲವದು. ಜಪಾನಿನ ಮೊದಲ ನೋರಾಳತ್ತ ಚಿತ್ರರಂಗದ ಕಣ್ಣು ಬಿದ್ದಿತು. 1947ರ ಒಂದೇ ವರ್ಷದಲ್ಲಿ ಸುಮಾಕೊ ಕುರಿತು ಎರಡು ಚಿತ್ರಗಳು ಬಂದವು. ಷೋಚಿಕು ಸಂಸ್ಥೆಗೆ ಕೆಂಜಿ ಮಿಜೊಗುಚಿ ನಿರ್ದೇಶಿಸಿದ ‘ನಟಿ ಸುಮಾಕೊಳ ಪ್ರೇಮ’ದಲ್ಲಿ ಕಿನುಯೊ ತನಾಕಾ. ತೊಹೊ ಸಂಸ್ಥೆಗೆ ತೇನೊಸುಕೆ ಕಿನುಗಾಸಾ ನಿರ್ದೇಶಿಸಿದ ‘ನಟಿ’ಯಲ್ಲಿ ಇಸುಜು ಯಮಾದಾ. ಯಮಾದಾ ಅವರಿಗೆ ಇಂಥ ಪಾತ್ರ ಹೊಸದಾಗಿರಲಿಲ್ಲ. 1939ರಲ್ಲೇ ಅವರು ಇಪ್ಪತ್ತನಾಲ್ಕಕ್ಕೆ ತೀರಿಹೋದ ಕಥೆಗಾರ್ತಿ ಇಚಿಯೊ ಹಿಗುಚಿಯ ಪಾತ್ರ ಮಾಡಿದ್ದರು. ಮುಂದೆ ಕುರೊಸಾವಾ ಅವರ ‘ಥ್ರೋನ್ ಆಫ್ ಬ್ಲಡ್’ನಲ್ಲಿ ಲೇಡಿ ಮ್ಯಾಕ್‌ಬೆತ್ ಆಗಿ ಜಗತ್ತಿಗೆ ಪರಿಚಯವಾದವರು ಇವರೇ.

ತನಾಕಾ 1909ರಲ್ಲಿ ಶಿಮೊನೊಸೆಕಿಯಲ್ಲಿ ಹುಟ್ಟಿದವರು. ಬಾಲ್ಯದಲ್ಲಿ ಬಿವಾ ಎಂಬ ತಂತಿವಾದ್ಯ ಕಲಿತು, ಒಸಾಕಾದ ಬಾಲಕಿಯರ ಸಂಗೀತ ತಂಡದಲ್ಲಿ ಹಾಡಿ, 1924ರಲ್ಲಿ ಹದಿಹರೆಯದಲ್ಲೇ ಸಿನಿಮಾ ಸೇರಿದರು. ಜಪಾನಿನ ಮೊದಲ ಯಶಸ್ವಿ ವಾಕ್ಚಿತ್ರ ಎನಿಸಿದ, 1931ರ ‘ಪಕ್ಕದ ಮನೆಯಾಕೆ ಮತ್ತು ನನ್ನ ಹೆಂಡತಿ’ಯಲ್ಲಿ ಹೆಂಡತಿಯ ಪಾತ್ರ ಅವರದು. ಮಿಜೊಗುಚಿಯವರೊಂದಿಗೆ ಅವರ ಮೊದಲ ಚಿತ್ರ 1940ರ ‘ನಾನಿವಾದ ಹೆಣ್ಣು’. ಬುನ್ರಾಕು ಬೊಂಬೆಯಾಟದಲ್ಲಿ ಶಮಿಸೆನ್ ಎಂಬ ತಂತಿವಾದ್ಯ ನುಡಿಸುತ್ತಿದ್ದ ಹೆಸರಾಂತ ವಾದಕ ದಾಂಪೇ ಅವರ ಹೆಂಡತಿಯ ಪಾತ್ರವನ್ನು ಅದರಲ್ಲಿ ಅವರು ಮಾಡಿದರು. ಆ ಚಿತ್ರದ ಪ್ರತಿ ಈಗ ಉಳಿದಿಲ್ಲ.

ಮಿಜೊಗುಚಿ ನಟರಿಗೆ ಹೀಗೆ ಮಾಡಿ, ಹಾಗೆ ಮಾಡಿ ಎಂದು ಹೇಳಿಕೊಡುವ ಪೈಕಿಯಲ್ಲ. ಪಾತ್ರದ ಕಾಲ, ಕಸುಬು, ಜನ ಎಲ್ಲವನ್ನೂ ಓದಿ ತಿಳಿದುಕೊಂಡು ಬರಬೇಕು. ಶಾಟ್ ಸರಿಬರದಿದ್ದರೆ ಕಾರಣ ಹೇಳದೆ ಮತ್ತೆ ಮಾಡಿಸುತ್ತಿದ್ದರು. ಸುಮಾಕೊ ಪಾತ್ರದಲ್ಲಿ ಈ ಕಠಿಣ ಶಿಸ್ತಿನ ಫಲ ಕಾಣುತ್ತದೆ. ತನಾಕಾ ಅಲ್ಲಿ ಎರಡು ಬಗೆಯ ಅಭಿನಯವನ್ನು ಒಟ್ಟಿಗೆ ನಿಭಾಯಿಸಬೇಕಿತ್ತು. ನಾಟಕದೊಳಗಿನ ದೃಶ್ಯಗಳಲ್ಲಿ ಕಡೆಯ ಸಾಲಿನವರೆಗೂ ಮುಟ್ಟಬೇಕಾದ ಎತ್ತರದ ದನಿ, ಬೀಸುವ ಕೈ, ಆ ಕಾಲದ ಹೊಸ ರಂಗಭೂಮಿಯ ಒರಟು ಹುರುಪು. ರಂಗದಿಂದಿಳಿದ ಮೇಲೆ ಕ್ಯಾಮೆರಾಗಷ್ಟೇ ಸಾಕಾಗುವ ತಗ್ಗಿದ ದನಿ. ಸ್ವತಃ ಸಿನಿಮಾದಲ್ಲಿ ಬೆಳೆದ ನಟಿ ರಂಗನಟಿಯ ಮೈಕಟ್ಟನ್ನು, ಉಸಿರನ್ನು ಹೊಸದಾಗಿ ಕಲಿತು ತೋರಿಸಿದ ಚಿತ್ರವಿದು. ಹೆಸರು ಪ್ರೇಮದ್ದಾದರೂ ನನ್ನ ಮಟ್ಟಿಗೆ ಚಿತ್ರದಲ್ಲಿ ಗಟ್ಟಿಯಾಗಿ ನಿಲ್ಲುವುದು ತಾಲೀಮು ಮತ್ತು ಪ್ರದರ್ಶನದ ಭಾಗಗಳೇ. ಆ ವರ್ಷದ ಚಿತ್ರಗಳಿಗಾಗಿ ತನಾಕಾ ಅವರಿಗೆ ಮೈನಿಚಿ ಪತ್ರಿಕೆಯ ಶ್ರೇಷ್ಠ ನಟಿ ಪ್ರಶಸ್ತಿ ಬಂದಿತು.

ಕ್ಯಾಮೆರಾದ ಹಿಂದಕ್ಕೆ

1953ರಲ್ಲಿ ತನಾಕಾ ನಿರ್ದೇಶಕಿಯಾದರು. ಜಪಾನಿನಲ್ಲಿ ಕಥಾಚಿತ್ರ ನಿರ್ದೇಶಿಸಿದ ಎರಡನೆಯ ಹೆಣ್ಣು ಅವರು. 1936ರಲ್ಲಿ ಒಂದು ಚಿತ್ರ ಮಾಡಿದ ತಾಜುಕೊ ಸಾಕಾನೆ ಮೊದಲಿಗರು. ತನಾಕಾ ಅವರನ್ನು ಹದಿನೈದು ಚಿತ್ರಗಳಷ್ಟು ಕಾಲ ದುಡಿಸಿಕೊಂಡ ಮಿಜೊಗುಚಿಯೇ ಈ ಹೆಜ್ಜೆಗೆ ಅಡ್ಡ ಬಂದರು. ಇಬ್ಬರ ನಡುವೆ ಬಿರುಕು ಮೂಡಿತು. ತನಾಕಾ ಹಿಂದೆ ಸರಿಯಲಿಲ್ಲ. ನಿರ್ದೇಶಕ ಮಿಕಿಯೊ ನರುಸೆ ಅವರ ಸೆಟ್ಟಿನಲ್ಲಿ ಸಹಾಯಕಿಯಾಗಿ ನಿಂತು ಕೆಲಸ ಕಲಿತು, 1953ರಿಂದ 1962ರವರೆಗೆ ಆರು ಚಿತ್ರ ಮಾಡಿದರು.

ಅವುಗಳಲ್ಲಿ ಮೂರನೆಯದು, 1955ರ ‘ಸ್ತನಗಳೇ, ಚಿರವಾಗಿರಿ’, ಆಗಷ್ಟೇ ತೀರಿಕೊಂಡಿದ್ದ ಕವಿಯೊಬ್ಬರ ಬದುಕನ್ನು ಆಧರಿಸಿದ್ದು. ಹೊಕ್ಕೈಡೊದ ಒಬಿಹಿರೊ ಊರಿನ ಫುಮಿಕೊ ನಕಾಜೊ ಮೂವತ್ತೊಂದು ಅಕ್ಷರಗಳ ತಾಂಕಾ ಪದ್ಯಗಳನ್ನು ಬರೆಯುತ್ತಿದ್ದವರು. ವಿವಾಹ ವಿಚ್ಛೇದನವಾಯಿತು, ಸ್ತನ ಕ್ಯಾನ್ಸರ್ ಬಂದಿತು. 1954ರಲ್ಲಿ ಟೋಕಿಯೊದ ಕಾವ್ಯಪತ್ರಿಕೆಯೊಂದು ನಡೆಸಿದ ಸ್ಪರ್ಧೆಯಲ್ಲಿ ಗೆದ್ದರು. ಜುಲೈನಲ್ಲಿ ಮೊದಲ ಸಂಕಲನ ಹೊರಬಂದಿತು. ಆಗಸ್ಟ್ 3ರಂದು ಸಪ್ಪೊರೊದ ಆಸ್ಪತ್ರೆಯಲ್ಲಿ ಕೊನೆಯುಸಿರೆಳೆದರು. ಮರುವರ್ಷವೇ ತನಾಕಾ ಚಿತ್ರ ತೆಗೆದರು. ಚಿತ್ರಕಥೆ ಸುಮಿಯೆ ತನಾಕಾ ಎಂಬ ಲೇಖಕಿಯದು, ಮುಖ್ಯ ಪಾತ್ರ ಯುಮೆಜಿ ತ್ಸುಕಿಯೊಕಾ ಅವರದು.

ಈ ಚಿತ್ರದ ಒಂದು ದೃಶ್ಯವನ್ನು ಹತ್ತಿರದಿಂದ ನೋಡಬೇಕು. ಶಸ್ತ್ರಚಿಕಿತ್ಸೆಯಾದ ಮೇಲೆ ಕವಿ ತನ್ನ ಗೆಳತಿಯ ಮನೆಗೆ ಬರುತ್ತಾಳೆ. ಆ ಮನೆಯ ಯಜಮಾನ, ಇವಳು ಒಳಗೊಳಗೇ ಪ್ರೀತಿಸಿದ್ದ ಸಹಕವಿ, ಈಗ ಇಲ್ಲ. ಅವನು ಸ್ನಾನ ಮಾಡುತ್ತಿದ್ದ ತೊಟ್ಟಿಯಲ್ಲಿ ಇಳಿದು ಕೂರುತ್ತಾಳೆ. ಗೆಳತಿ ಕಿಟಕಿ ಸರಿಸಿ ಒಳಗೆ ನೋಡಿದಾಗ ಇವಳು ತನ್ನ ಎದೆಯನ್ನು ಮುಚ್ಚಿಕೊಳ್ಳುವುದಿಲ್ಲ. ಗೆಳತಿ ನೋಡಲಾರದೆ ಮುಖ ತಿರುಗಿಸುತ್ತಾಳೆ. ಇಲ್ಲಿ ಅನುಕಂಪ ಬೇಡುವ ಹೆಣ್ಣಿಲ್ಲ. ತನ್ನ ದೇಹದ ಬಗ್ಗೆ ನಿಜ ಹೇಳಿಯೇ ತೀರುತ್ತೇನೆಂದು ಹಟ ತೊಟ್ಟವಳಿದ್ದಾಳೆ. ನಕಾಜೊ ಪದ್ಯಗಳು ಮಾಡಿದ್ದೂ ಅದನ್ನೇ. ತಾಂಕಾದಂಥ ಹಳೆಯ, ಮೃದುವಾದ ಪದ್ಯರೂಪಕ್ಕೆ ಕತ್ತರಿಸಿದ ಎದೆಯನ್ನು ತಂದದ್ದು ಆ ಕಾಲದ ಕಾವ್ಯಲೋಕವನ್ನು ಬೆಚ್ಚಿಬೀಳಿಸಿತ್ತು. ಪದ್ಯ ಬರೆಯುವ ಕೆಲಸವನ್ನು ಕ್ಯಾಮೆರಾಗೆ ತೋರಿಸುವುದು ಬಲು ಕಷ್ಟ. ತನಾಕಾ ಪದ್ಯದ ಹಿಂದಿನ ಧೈರ್ಯವನ್ನು ದೃಶ್ಯವಾಗಿಸಿದರು. ಪ್ರೇಮವೂ ಸಾವೂ ಈ ಚಿತ್ರದಲ್ಲಿವೆ. ಆದರೆ ಅವು ಕಾವ್ಯದ ಜಾಗವನ್ನು ಕಸಿದುಕೊಳ್ಳುವುದಿಲ್ಲ. ಇದೇ ಚಿತ್ರದಲ್ಲಿ ತನಾಕಾ ನೆರೆಮನೆಯಾಕೆಯಾಗಿ ಒಂದು ಸಣ್ಣ ಪಾತ್ರವನ್ನೂ ಮಾಡಿದ್ದಾರೆ.

ನಿರ್ದೇಶಕಿಯಾಗಿ ಅವರನ್ನು ಜಗತ್ತು ಬಹುಕಾಲ ಮರೆತಿತ್ತು. 2021ರಲ್ಲಿ ಫ್ರಾನ್ಸಿನ ಲಿಯೋನ್ ನಗರದ ಲೂಮಿಯೇರ್ ಉತ್ಸವದಲ್ಲಿ ಅವರ ಚಿತ್ರಗಳ ಪುನರವಲೋಕನ ನಡೆದ ಮೇಲೆ ಆ ಮರೆವು ಕರಗತೊಡಗಿತು.

ನಟಿಯ ಪಾತ್ರದಲ್ಲಿ ನಟಿ

ತನಾಕಾ 1977ರ ಮಾರ್ಚ್ 21ರಂದು ಮಿದುಳಿನ ಗೆಡ್ಡೆಯಿಂದ ತೀರಿಕೊಂಡರು. ಅದಕ್ಕೆ ಎರಡು ವರ್ಷ ಮೊದಲಷ್ಟೇ ‘ಸಾಂದಾಕಾನ್ 8’ ಚಿತ್ರದ ಮುದುಕಿಯ ಪಾತ್ರಕ್ಕಾಗಿ ಬರ್ಲಿನ್ ಚಿತ್ರೋತ್ಸವದ ಶ್ರೇಷ್ಠ ನಟಿ ಪ್ರಶಸ್ತಿ ಪಡೆದಿದ್ದರು. ಮೈನಿಚಿ ಪತ್ರಿಕೆ 1985ರಲ್ಲಿ ಅವರ ಹೆಸರಿನಲ್ಲಿ ಪ್ರಶಸ್ತಿಯೊಂದನ್ನು ಆರಂಭಿಸಿತು. ಅದನ್ನು ಮೊದಲು ಪಡೆದವರು ಸಯೂರಿ ಯೊಶಿನಾಗಾ. ಎರಡು ವರ್ಷದ ನಂತರ ಅವರೇ ತೆರೆಯ ಮೇಲೆ ತನಾಕಾ ಆದರು.

ಯೊಶಿನಾಗಾ ಹುಟ್ಟಿದ್ದು 1945ರ ಮಾರ್ಚ್ 13ರಂದು, ಟೋಕಿಯೊ ನಗರವನ್ನು ಸುಟ್ಟ ಮಹಾ ಬಾಂಬ್ ದಾಳಿಯ ಮೂರು ದಿನದ ನಂತರ, ಅದೇ ನಗರದಲ್ಲಿ. 1962ರ ‘ಎರಕದ ಕುಲುಮೆಗಳ ಊರು’ ಚಿತ್ರದ ಶಾಲಾ ಬಾಲಕಿಯಾಗಿ ಮನೆಮಾತಾದರು. ಅದೇ ವರ್ಷ ಅವರು ಯುಕಿಯೊ ಹಾಶಿ ಜೊತೆ ಹಾಡಿದ ಯುಗಳಗೀತೆ ಜಪಾನ್ ರೆಕಾರ್ಡ್ ಪ್ರಶಸ್ತಿ ಗೆದ್ದಿತು. 1963ರಲ್ಲಿ ಲೇಖಕ ಕವಾಬಾತಾ ಅವರ ಕಥೆ ‘ಇಜುವಿನ ನರ್ತಕಿ’ ಮತ್ತೆ ಚಿತ್ರವಾದಾಗ ಊರೂರು ಅಲೆಯುವ ನರ್ತಕಿಯ ಪಾತ್ರ ಯೊಶಿನಾಗಾ ಅವರಿಗೆ ಬಂದಿತು. ಮೂವತ್ತು ವರ್ಷ ಮೊದಲು, 1933ರ ಮೂಕಿ ಚಿತ್ರದಲ್ಲಿ ಅದೇ ನರ್ತಕಿಯಾಗಿದ್ದವರು ತನಾಕಾ. ಚಿತ್ರಗಳ ಮೇಲೆ ಚಿತ್ರ ಮಾಡುತ್ತಲೇ ಯೊಶಿನಾಗಾ ವಾಸೆದಾ ವಿಶ್ವವಿದ್ಯಾಲಯದಲ್ಲಿ ಓದಿ 1969ರಲ್ಲಿ ಪದವಿ ಪಡೆದರು. ತ್ಸುಬೌಚಿ, ಶಿಮಾಮುರಾ ಪಾಠ ಹೇಳಿದ್ದು ಅಲ್ಲೇ. ಜಪಾನಿನ ಆಧುನಿಕ ರಂಗಭೂಮಿ ಕಣ್ಣು ಬಿಟ್ಟಿದ್ದೂ ಅದರ ಆಸುಪಾಸಿನಲ್ಲೇ.

ಕೊನ್ ಇಚಿಕಾವಾ ನಿರ್ದೇಶನದ ‘ಸಿನಿಮಾ ನಟಿ’ (1987) ಚಿತ್ರಕ್ಕೆ ಆಧಾರ ಕನೆತೊ ಶಿಂದೊ ಅವರ ಕಾದಂಬರಿ. ಶಿಂದೊ ಮಿಜೊಗುಚಿಯವರ ಕೈಕೆಳಗೆ ದುಡಿದವರು. 1975ರಲ್ಲಿ ಮಿಜೊಗುಚಿ ಕುರಿತು ಸಾಕ್ಷ್ಯಚಿತ್ರ ಮಾಡಿದಾಗ ತನಾಕಾ ಅವರನ್ನು ಎದುರಿಗೆ ಕೂರಿಸಿಕೊಂಡು, ಆ ನಿರ್ದೇಶಕ ನಿಮ್ಮನ್ನು ಪ್ರೀತಿಸುತ್ತಿದ್ದರಂತಲ್ಲ ಎಂದು ಕೇಳಿದವರೂ ಅವರೇ. ತಮ್ಮಿಬ್ಬರ ನಂಟು ಸಿನಿಮಾದೊಳಗಿನದು ಎಂಬ ಭಾವದಲ್ಲಿ ತನಾಕಾ ಉತ್ತರಿಸಿದ್ದರು.

ಹಾಗಾಗಿ ‘ಸಿನಿಮಾ ನಟಿ’ಯಲ್ಲಿ ತೆರೆದಿಟ್ಟ ಬಲೆ ಯಾವುದೆಂದು ಊಹಿಸಬಹುದು. ಮಿಜೊಗುಚಿಯವರನ್ನು ಹೋಲುವ ನಿರ್ದೇಶಕನ ಪಾತ್ರಕ್ಕೆ ಬೇರೊಂದು ಹೆಸರಿಟ್ಟು ಬುಂತಾ ಸುಗಾವಾರಾ ಅವರನ್ನು ಹಾಕಲಾಯಿತು. ಅಧೋಲೋಕದ ರೌಡಿ ಪಾತ್ರಗಳಿಂದ ಹೆಸರಾದ ನಟ ಅವರು. ಇವರಿಬ್ಬರನ್ನು ಎದುರುಬದುರು ನಿಲ್ಲಿಸಿ ಒಂದು ಪ್ರೇಮಕಥೆ ಹೆಣೆಯುವುದು ಸುಲಭವಿತ್ತು. ಇಚಿಕಾವಾ ಮಾಡಿದ್ದು ಬೇರೆ. ಅವರು ತನಾಕಾ ಕಥೆಯ ಜೊತೆಗೆ ಸ್ಟುಡಿಯೋಗಳ ಕಥೆ ಹೇಳಿದರು: ಮೂಕಿಯಿಂದ ಟಾಕಿಗೆ ಜಿಗಿತ, ಹಳೆಯ ಚಿತ್ರಗಳ ತುಣುಕು, ಒಬ್ಬರಾದ ಮೇಲೊಬ್ಬರು ನಿರ್ದೇಶಕರು. ತಾಯಿಯ ಪಾತ್ರದಲ್ಲಿ ಮಿತ್ಸುಕೊ ಮೊರಿ ಇದ್ದಾರೆ. ಮನೆಮಂದಿಯನ್ನೆಲ್ಲ ಸಾಕುವ ಹುಡುಗಿಯ ಸಂಬಳದ ಲೆಕ್ಕ ಈ ಚಿತ್ರದಲ್ಲಿ ಮುಖ್ಯವಾಗುತ್ತದೆ.

ಚಿತ್ರ ಮುಗಿಯುವುದು ತನಾಕಾ ಅವರ ಸಾವಿನೊಂದಿಗಲ್ಲ. ಅದು 1952ರ ‘ಒಹಾರುವಿನ ಬದುಕು’ ಚಿತ್ರೀಕರಣದ ಹಂತದಲ್ಲಿ ನಿಲ್ಲುತ್ತದೆ. ಈ ಆಯ್ಕೆಯ ಹಿಂದೆ ಒಂದು ನೋವಿನ ಘಟನೆಯಿದೆ. 1949ರ ಕೊನೆಯಲ್ಲಿ ತನಾಕಾ ಸೌಹಾರ್ದ ಪ್ರವಾಸಕ್ಕಾಗಿ ಅಮೆರಿಕಕ್ಕೆ ಹೋಗಿ 1950ರಲ್ಲಿ ಮರಳಿದಾಗ, ತಂಪು ಕನ್ನಡಕ ಹಾಕಿ ಮೆರವಣಿಗೆಯ ಕಾರಿನಿಂದ ಜನರತ್ತ ಮುತ್ತು ತೂರಿದರೆಂದು ಪತ್ರಿಕೆಗಳು ಅವರನ್ನು ಹರಿದು ಮುಕ್ಕಿದವು. ಸೋತ ದೇಶಕ್ಕೆ ಆ ಚೆಲ್ಲಾಟ ಸಹಿಸಲಾಗಲಿಲ್ಲ. ನಲವತ್ತರ ನಟಿಗೆ ವಯಸ್ಸಾಯಿತೆಂಬ ಮಾತೂ ಸೇರಿ ಅವರು ಸಾಯುವ ಯೋಚನೆಗೂ ಬಂದಿದ್ದರು. ಅಲ್ಲಿಂದ ಅವರನ್ನು ಮೇಲೆತ್ತಿದ್ದು ಒಹಾರು. ಅರಮನೆಯ ಊಳಿಗದಿಂದ ಬೀದಿಗೆ ಬೀಳುವ ಹೆಣ್ಣನ್ನು ಯೌವನದಿಂದ ಮುಪ್ಪಿನವರೆಗೆ ಅವರೊಬ್ಬರೇ ಅಭಿನಯಿಸಿದ ಆ ಚಿತ್ರ ವೆನಿಸ್‌ನಲ್ಲಿ ಪ್ರಶಸ್ತಿ ಪಡೆಯಿತು. ಇಚಿಕಾವಾ ತಮ್ಮ ನಾಯಕಿಯನ್ನು ಕೆಲಸಕ್ಕೆ ಮರಳಿಸಿ ಚಿತ್ರ ಮುಗಿಸಿದರು. ಕಲಾವಿದೆಯ ಬದುಕಿಗೆ ಇದಕ್ಕಿಂತ ಸರಿಯಾದ ಕೊನೆ ನನಗೆ ತೋಚುವುದಿಲ್ಲ.

ಯೊಶಿನಾಗಾ ಅವರಿಗೆ ಈ ಪಾತ್ರ ಸುಲಭದ್ದಲ್ಲ. ತನಾಕಾ ಮಾತಿನಲ್ಲಿ, ನಡೆಯಲ್ಲಿ ಚುರುಕು, ಹಟ. ಮುಪ್ಪನ್ನು, ಕುರೂಪವನ್ನು ಹಿಂಜರಿಯದೆ ಹೊತ್ತವರು. 1958ರಲ್ಲಿ ಮುದುಕಿಯ ಪಾತ್ರವೊಂದಕ್ಕಾಗಿ ಮುಂಭಾಗದ ಹಲ್ಲುಗಳನ್ನೇ ತೆಗೆಸಿಕೊಂಡ ಕಥೆ ಜಪಾನಿನಲ್ಲಿ ಎಲ್ಲರಿಗೂ ಗೊತ್ತು. ಯೊಶಿನಾಗಾ ಅವರದು ಅಭಿಮಾನಿಗಳು ಪೂಜಿಸುವ ನಿರ್ಮಲ ಚೆಲುವು. ಅವರು ತನಾಕಾ ಅವರ ಹಾವಭಾವವನ್ನು ಅಣಕಿಸಲು ಹೋಗದೆ, ಸೆಟ್ಟಿನಲ್ಲಿ ಕೆಲಸ ಮಾಡುವ ಹೆಣ್ಣಿನ ಮೊಂಡುತನವೊಂದನ್ನೇ ಹಿಡಿದುಕೊಂಡರು. ಪಾತ್ರ ನಂಬುವಂತಾದದ್ದು ಅದರಿಂದ.

ಹನ್ನೊಂದು ಮಕ್ಕಳ ನಡುವಿನ ಕವಿ

ಮರುವರ್ಷ ಕಿಂಜಿ ಫುಕಾಸಾಕು ನಿರ್ದೇಶನದ ‘ಹೂಗಳ ದಂಗೆ’ಯಲ್ಲಿ ಯೊಶಿನಾಗಾ ಅಕಿಕೊ ಯೊಸಾನೊ ಆದರು. ಸಕಾಯ್ ಊರಿನಲ್ಲಿ 1878ರಲ್ಲಿ ಹುಟ್ಟಿದ ಅಕಿಕೊ, 1901ರ ‘ಕೆದರಿದ ಕೂದಲು’ ಸಂಕಲನದಿಂದ ಹೆಣ್ಣಿನ ಬಯಕೆಯನ್ನು ಎದೆಯುಬ್ಬಿಸಿ ಹೇಳಿದ ಕವಿ. 1904ರಲ್ಲಿ, ರಷ್ಯಾ ವಿರುದ್ಧದ ಯುದ್ಧಕ್ಕೆ ಹೋದ ತಮ್ಮನಿಗೆ ಸಾಯಬೇಡವೆಂದು ಬರೆದ ಪದ್ಯಕ್ಕಾಗಿ ದೇಶದ್ರೋಹಿ ಎನ್ನಿಸಿಕೊಂಡವರು. 1911ರ ಸೆಪ್ಟೆಂಬರಿನಲ್ಲಿ ಹೊರಟ ‘ಸೇತೊ’ ಎಂಬ ಮಹಿಳಾ ಪತ್ರಿಕೆಯ ಮೊದಲ ಸಂಚಿಕೆ ತೆರೆದುಕೊಂಡಿದ್ದು ಅವರ ಪದ್ಯದಿಂದ. ಸುಮಾಕೊ ಮೊದಲ ಸಲ ನೋರಾ ಆದದ್ದೂ ಅದೇ ತಿಂಗಳು. ಗಂಡ ತೆಕ್ಕಾನ್ ಕೂಡ ಕವಿ. ಆದರೆ ಹೆಂಡತಿಯ ಹೆಸರು ಬೆಳೆದಂತೆ ಅವರದು ಮಂಕಾಯಿತು. ಹನ್ನೊಂದು ಮಕ್ಕಳನ್ನು ಬೆಳೆಸಿದ ಆ ಮನೆ ನಡೆದದ್ದು ಬಹುಪಾಲು ಅಕಿಕೊ ಅವರ ಲೇಖನಿಯಿಂದ.

ಫುಕಾಸಾಕು ಅವರ ಚಿತ್ರ ತೈಶೊ ಚಕ್ರವರ್ತಿಯ ಇಡೀ ಆಳ್ವಿಕೆಯ ಕಾಲದ ಬಿರುಗಾಳಿಯನ್ನು ತುಂಬಿಕೊಂಡಿದೆ. ಕಾದಂಬರಿಕಾರ ತಾಕೆಯೊ ಅರಿಶಿಮಾ ಮತ್ತು ಅಕಿಕೊ ನಡುವಿನ ಸೆಳೆತ ಅದರ ನಡುಗಂಬ. ಅರಿಶಿಮಾ 1923ರಲ್ಲಿ ಪತ್ರಕರ್ತೆಯೊಬ್ಬರ ಜೊತೆ ಆತ್ಮಹತ್ಯೆ ಮಾಡಿಕೊಂಡವರು. ಆ ಪಾತ್ರ ಯುಸಾಕು ಮತ್ಸುದಾ ಅವರದು, ತೆಕ್ಕಾನ್ ಪಾತ್ರ ಕೆನ್ ಒಗಾತಾ ಅವರದು. ಸುಮಾಕೊ ಮತ್ಸುಯಿ ಕೂಡ ಈ ಚಿತ್ರದಲ್ಲಿ ಬರುತ್ತಾರೆ. ಆ ಪಾತ್ರ ಮಾಡಿದ ಕೇಕೊ ಮತ್ಸುಜಾಕಾ ಅದಕ್ಕೆ ಮೂರು ವರ್ಷ ಮೊದಲು ಟಿ.ವಿ. ಧಾರಾವಾಹಿಯಲ್ಲಿ ಸದಾಯಾಕ್ಕೊ ಆಗಿದ್ದರು. ಜಪಾನಿನ ಮೊದಲ ಇಬ್ಬರು ಆಧುನಿಕ ನಟಿಯರ ಪಾತ್ರವೂ ಹೀಗೆ ಒಬ್ಬರದೇ ಪಾಲಾಯಿತು.

ಯೊಶಿನಾಗಾ ಅವರಿಗೆ ಆ ವರ್ಷದ ಜಪಾನ್ ಅಕಾಡೆಮಿ ಶ್ರೇಷ್ಠ ನಟಿ ಪ್ರಶಸ್ತಿಯನ್ನು ಈ ಚಿತ್ರವೂ ‘ಕೊಕ್ಕರೆ’ ಎಂಬ ಇನ್ನೊಂದು ಚಿತ್ರವೂ ಸೇರಿ ತಂದುಕೊಟ್ಟವು. ಮಕ್ಕಳ ಗದ್ದಲ, ಮುನಿಸಿಕೊಂಡ ಗಂಡ, ಹೊರಗಿನ ಕೋಲಾಹಲ ಇವುಗಳ ನಡುವೆ ಸೆಟೆದು ನಿಂತ ಹೆಣ್ಣಾಗಿ ಅವರು ಮನಸ್ಸಿನಲ್ಲಿ ನಿಲ್ಲುತ್ತಾರೆ. ಆದರೂ ಈ ಚಿತ್ರದ ಬಗ್ಗೆ ನನ್ನದೊಂದು ತಕರಾರಿದೆ. ಅಕಿಕೊ ಅವರ ನಿಜವಾದ ಬದುಕಿನಲ್ಲಿ ಅರಿಶಿಮಾ ಪ್ರಸಂಗಕ್ಕಿಂತ ದೊಡ್ಡ ನಾಟಕವೊಂದು ನಡೆದಿತ್ತು. ಜಪಾನಿನ ಪ್ರಾಚೀನ ಕಾದಂಬರಿ ‘ಗೆಂಜಿಯ ಕಥೆ’ಯನ್ನು ಅವರು 1912-13ರಲ್ಲೇ ಒಮ್ಮೆ ಆಧುನಿಕ ಜಪಾನಿ ಭಾಷೆಗೆ ತಂದಿದ್ದರು. ಅದೇ ಕೃತಿಯ ಮೇಲೆ ಹತ್ತಕ್ಕೂ ಹೆಚ್ಚು ವರ್ಷ ಕೂತು ಬರೆದ ಸಾವಿರಾರು ಪುಟದ ಹಸ್ತಪ್ರತಿ 1923ರ ಸೆಪ್ಟೆಂಬರ್ 1ರ ಮಹಾ ಭೂಕಂಪದ ಬೆಂಕಿಯಲ್ಲಿ ಉರಿದುಹೋಯಿತು. ಅವರು ಎದೆಗುಂದದೆ ಮತ್ತೆ ಮೊದಲಿನಿಂದ ಶುರುಮಾಡಿದರು. ಹೊಸ ಅನುವಾದ ಹೊರಬಂದದ್ದು 1938-39ರಲ್ಲಿ, ಅರವತ್ತರ ವಯಸ್ಸಿನಲ್ಲಿ. ಸತ್ತ ಗೆಳೆಯನಿಗಾಗಿ ಮಿಡಿದ ಅಕಿಕೊ ತೆರೆಗೆ ಬಂದರು. ಸುಟ್ಟ ಹಸ್ತಪ್ರತಿಯನ್ನು ಮತ್ತೆ ಬರೆದ ಅಕಿಕೊ ಇನ್ನೂ ತಮ್ಮ ಚಿತ್ರಕ್ಕಾಗಿ ಕಾದಿದ್ದಾರೆ.

ಹಾಡು ಹುಡುಕಿ ಹೊರಟವರು

ಮೂರನೆಯ ಪಾತ್ರ ಐಹಾಚಿ, ತನಾಕಾ ಅವರಷ್ಟಾಗಲಿ ಅಕಿಕೊ ಅವರಷ್ಟಾಗಲಿ ದೊಡ್ಡ ಹೆಸರಲ್ಲ. 1874ರಲ್ಲಿ ಹುಟ್ಟಿ, ನಾಗಾಸಾಕಿಯ ಮರುಯಾಮಾ ಕೇರಿಯಲ್ಲಿ ಶಮಿಸೆನ್ ನುಡಿಸಿ ಹಾಡುತ್ತಿದ್ದ ಗೇಶಾ. ಊರಿನ ಇತಿಹಾಸಕಾರ ಜುಜಿರೊ ಕೊಗಾ ಜೊತೆ ಸೇರಿ ಮರೆತುಹೋಗುತ್ತಿದ್ದ ಹಾಡುಗಳನ್ನು ಹುಡುಕಿಕೊಂಡು ಹೊರಟರು. ವಿದ್ವಾಂಸನ ಬಳಿ ಬರವಣಿಗೆಯಿತ್ತು, ಹಾಡುಗಾರ್ತಿಯ ಬಳಿ ಕಿವಿಯೂ ಕಂಠವೂ ಇದ್ದವು. ಮುದುಕರ ಬಾಯಿಂದ ಕೇಳಿ, ಕಲಿತು, ತಂತಿಗೆ ಕೂಡಿಸಿ ಉಳಿಸಿದ ಹಾಡುಗಳಲ್ಲಿ ‘ನಾಗಾಸಾಕಿ ಬುರಾಬುರಾ ಬುಶಿ’ ಹೆಸರಾದದ್ದು. 1930ರ ದಶಕದ ಆರಂಭದಲ್ಲಿ ವಿಕ್ಟರ್ ಕಂಪನಿ ಅದನ್ನು ಐಹಾಚಿ ದನಿಯಲ್ಲಿ ಧ್ವನಿಮುದ್ರಿಸಿ ತಟ್ಟೆಯಾಗಿಸಿತು. 1933ರಲ್ಲಿ ಐಹಾಚಿ ತೀರಿಕೊಂಡರು, ದನಿ ಉಳಿಯಿತು.

ಗೀತರಚನೆಕಾರ ರೇ ನಕಾನಿಶಿ ಇವರಿಬ್ಬರ ಮೇಲೆ ಬರೆದ ಕಾದಂಬರಿಗೆ ನವೋಕಿ ಪ್ರಶಸ್ತಿ ಬಂದಿತು. ಅದೇ 2000ದಲ್ಲಿ ಯುಕಿಯೊ ಫುಕಾಮಾಚಿ ನಿರ್ದೇಶನದಲ್ಲಿ ಸಿನಿಮಾ ಆಯಿತು. ಕೊಗಾ ಪಾತ್ರದಲ್ಲಿ ತೆತ್ಸುಯಾ ವತಾರಿ. ಇಲ್ಲಿಯೂ ಪ್ರೇಮವಿದೆ. ಆದರೆ ಅದು ಮಾತಿನಲ್ಲಿ ಹೊರಬರುವುದಿಲ್ಲ. ಇಬ್ಬರೂ ಸೇರಿ ಹಾಡು ಹುಡುಕುವ ಕೆಲಸದಲ್ಲೇ ಅಡಗಿರುತ್ತದೆ. ಪ್ರೇಮವೂ ಕಲೆಯೂ ಒಂದೇ ದಾರಿಯಲ್ಲಿ ನಡೆಯುವುದರಿಂದ ಒಂದು ಇನ್ನೊಂದರ ಜಾಗ ತಿನ್ನುವ ಮಾತೇ ಬರುವುದಿಲ್ಲ. ಐವತ್ತೈದರ ಯೊಶಿನಾಗಾ ಮೊಣಕಾಲೂರಿ ಕೂತು, ಶಮಿಸೆನ್ ಹಿಡಿದು, ವಯಸ್ಸಾದ ಹೆಣ್ಣಿನ ಗತ್ತಿನಲ್ಲಿ ಈ ಪಾತ್ರ ಮಾಡಿ ಮತ್ತೊಮ್ಮೆ ಅಕಾಡೆಮಿಯ ಶ್ರೇಷ್ಠ ನಟಿ ಪ್ರಶಸ್ತಿ ಪಡೆದರು. ಮೂರು ಪಾತ್ರಗಳಲ್ಲಿ ನನಗೆ ಹೆಚ್ಚು ಇಷ್ಟವಾದದ್ದು ಇದೇ. ಹೆಸರಿಲ್ಲದ ಹಾಡುಗಾರ್ತಿಗೆ ಸಿನಿಮಾ ಹೆಸರು ತಂದುಕೊಟ್ಟಿತು, ಹಾಡಿನಿಂದಲೇ ತಂದುಕೊಟ್ಟಿತು.

ಬರಹ ಅಚ್ಚಾದ ಸಂತೋಷ

ಯೊಶಿನಾಗಾ ಒಬ್ಬರೇ ಅಲ್ಲ. 1962ರಲ್ಲಿ ನರುಸೆ ಅವರ ‘ಅಲೆಮಾರಿಯ ದಿನಚರಿ’ಯಲ್ಲಿ ಹಿದೆಕೊ ತಕಾಮಿನೆ ಲೇಖಕಿ ಫುಮಿಕೊ ಹಯಾಶಿ ಆದರು. ಕಾರ್ಖಾನೆಯಲ್ಲಿ ದುಡಿದು, ಕಾಫಿ ಹೋಟೆಲಿನಲ್ಲಿ ತಟ್ಟೆ ಹೊತ್ತು ಬರೆದ ಹೆಣ್ಣಿಗಾಗಿ ತಕಾಮಿನೆ ತಮ್ಮ ಚೆಲುವನ್ನು ಬದಿಗಿಟ್ಟು, ಇಳಿಬಿದ್ದ ಹುಬ್ಬು, ಬಾಗಿದ ಹೆಗಲಿನ ಲೇಖಕಿಯಾದರು. ಅವರ ತಾಯಿಯ ಪಾತ್ರ ಮಾಡಿದವರು ಕಿನುಯೊ ತನಾಕಾ.

ಅದೇ ಹಯಾಶಿಯನ್ನು ರಂಗದ ಮೇಲೆ 1961ರಿಂದ 2009ರವರೆಗೆ 2,017 ಪ್ರದರ್ಶನಗಳಲ್ಲಿ ಅಭಿನಯಿಸಿದವರು ಮಿತ್ಸುಕೊ ಮೊರಿ, ‘ಸಿನಿಮಾ ನಟಿ’ಯಲ್ಲಿ ತನಾಕಾ ಅವರ ತಾಯಿಯಾದವರು. ಆ ನಾಟಕದಲ್ಲಿ ಜನ ಕಾದು ಕೂರುತ್ತಿದ್ದ ಒಂದು ಗಳಿಗೆಯಿತ್ತು. ತನ್ನ ಬರಹ ಅಚ್ಚಾಗುವ ಸುದ್ದಿ ತಿಳಿದಾಗ ಫುಮಿಕೊ ಸಂತೋಷ ತಡೆಯಲಾರದೆ ನೆಲದ ಮೇಲೆ ಲಾಗ ಹಾಕುತ್ತಾಳೆ. ಮೊರಿ ಎಂಬತ್ತು ದಾಟಿದ ಮೇಲೂ ಆ ಲಾಗ ಹಾಕುತ್ತಿದ್ದರು. 2008ರಲ್ಲಿ ಮೈಗೆ ಅಪಾಯವೆಂದು ಅದನ್ನು ಬಿಡಬೇಕಾಯಿತು. 2,000ನೆಯ ಪ್ರದರ್ಶನ ನಡೆದದ್ದು ಅವರ 89ನೆಯ ಹುಟ್ಟುಹಬ್ಬದಂದು. ಲೇಖಕಿಯ ಬದುಕಿನ ಅತಿ ದೊಡ್ಡ ಸಂತೋಷ ಪ್ರಿಯಕರನಿಂದ ಬರಲಿಲ್ಲ, ಅಚ್ಚಾದ ಪುಟದಿಂದ ಬಂದಿತು ಎಂಬುದನ್ನು ಆ ಲಾಗ ಒಂದು ಮಾತಿಲ್ಲದೆ ಹೇಳುತ್ತಿತ್ತು. ಸುಮಾರು ಐವತ್ತು ವರ್ಷ ಜನ ಚಪ್ಪಾಳೆ ತಟ್ಟಿದ್ದು ಅದಕ್ಕೆ.

ಹೊಸ ತಲೆಮಾರು ಈಗ ಇನ್ನೂ ಹಿಂದಕ್ಕೆ ಹೋಗಿದೆ. ಚಿತ್ರಕಾರ ಹೊಕುಸಾಯಿಯ ಮಗಳು ಓಯಿ ತಾನೂ ದೊಡ್ಡ ಚಿತ್ರಕಾರ್ತಿ. ರಾತ್ರಿಯ ಯೊಶಿವಾರಾ ಕೇರಿಯಲ್ಲಿ ದೀಪ ಮತ್ತು ನೆರಳನ್ನು ಆಕೆಯ ಹಾಗೆ ಬರೆದವರು ಅಂದಿನ ಜಪಾನಿನಲ್ಲಿ ವಿರಳ. ಆಕೆಯದೆಂದು ಗುರುತಿಸಿದ ಕೃತಿಗಳು ಬೆರಳೆಣಿಕೆಯಷ್ಟು. ಬದುಕಿನ ದಾಖಲೆ ಅದಕ್ಕೂ ಕಡಿಮೆ. 2017ರಲ್ಲಿ ಎನ್‌ಎಚ್‌ಕೆ ವಾಹಿನಿಯ ನಾಟಕದಲ್ಲಿ ಅವೊಯ್ ಮಿಯಾಜಾಕಿ, 2025ರ ಸಿನಿಮಾದಲ್ಲಿ ಮಸಾಮಿ ನಗಾಸಾವಾ ಓಯಿ ಆಗಿದ್ದಾರೆ. ಪ್ರೇಮದ ದಾಖಲೆ ಹೆಚ್ಚಿಲ್ಲದ ಕಲಾವಿದೆಯನ್ನು ತೋರಿಸಲು ಕುಂಚ, ಬಣ್ಣ, ಕೂತು ಬರೆಯುವ ಮೈ ಇವುಗಳ ಹತ್ತಿರ ಹೋಗಲೇಬೇಕಾಗುತ್ತದೆ. ಸಿನಿಮಾಕ್ಕೆ ಇದರಿಂದ ನಷ್ಟವಿಲ್ಲ.

ಸುಮಾಕೊ ರಂಗವೇರಿದಾಗ ಹೆಣ್ಣಿನ ಪಾತ್ರಕ್ಕೆ ಹೆಣ್ಣು ಬೇಕೇ ಎಂಬ ಪ್ರಶ್ನೆಯಿತ್ತು. ತನಾಕಾ ಕ್ಯಾಮೆರಾ ಹಿಂದೆ ನಿಂತಾಗ ಹೆಣ್ಣಿಗೆ ನಿರ್ದೇಶನ ಒಗ್ಗುತ್ತದೆಯೇ ಎಂಬ ಪ್ರಶ್ನೆಯಿತ್ತು. ಇಬ್ಬರೂ ಉತ್ತರ ಕೊಟ್ಟಿದ್ದು ಕೆಲಸದಿಂದ. ಅಂಥವರ ಬದುಕನ್ನು ತೆರೆಗೆ ತರುವಾಗ ಅವರ ಕಣ್ಣೀರನ್ನು ಮಾತ್ರ ಎತ್ತಿಕೊಂಡರೆ ಆ ಉತ್ತರವನ್ನೇ ಅಳಿಸಿಹಾಕಿದಂತಾಗುತ್ತದೆ. ನೋರಾಳ ತಾಲೀಮು, ಒಹಾರುವಿನ ಹತ್ತಾರು ಶಾಟ್, ಸುಟ್ಟುಹೋದ ಗೆಂಜಿ, ಮುದುಕರ ಬಾಯಿಂದ ಕಲಿತ ಹಾಡು ಇವೇ ಅವರ ನಿಜವಾದ ಜೀವನಚರಿತ್ರೆ. ಒಬ್ಬ ಕಲಾವಿದೆಗೆ ಇನ್ನೊಬ್ಬ ಕಲಾವಿದೆ ಸಲ್ಲಿಸಬಹುದಾದ ದೊಡ್ಡ ಗೌರವ ಆಕೆಯ ಕಸುಬನ್ನು ಕಲಿತು ತೋರಿಸುವುದು. ತನಾಕಾ ಸುಮಾಕೊ ಅವರಿಗೆ ಆ ಗೌರವ ಸಲ್ಲಿಸಿದರು, ಯೊಶಿನಾಗಾ ತನಾಕಾ ಅವರಿಗೆ ಸಲ್ಲಿಸಿದರು. ಯೊಶಿನಾಗಾ ಅವರ ಬದುಕು ಚಿತ್ರವಾಗುವ ದಿನವೂ ಬಂದೀತು. ಆಗ ಆ ಪಾತ್ರಕ್ಕೆ ಬರುವ ನಟಿ ಶಮಿಸೆನ್ ಹಿಡಿಯುವುದನ್ನು ಕಲಿಯಲೇಬೇಕಾಗುತ್ತದೆ.